ಐದು ಮೂಲೆಯ ತೊಟ್ಟಿಮನೆ ಅಳೆಯುವ ಬಗೆ

ತೊಟ್ಟಿಮನೆಯ ಒಳಜಗಲಿಯಲ್ಲಿ ಪ್ರತಿ ಮೂಲೆಗೂ ಬಲಕ್ಕೆ ತಿರುಗುತ್ತಾ ಹೋದರೆ, ನಾಲ್ಕನೇ ತಿರುವು ಮುಗಿಯುವಾಗ ಹೊರಟ ಜಾಗಕ್ಕೇ ಬರಬೇಕು. ಮೂಡಿಗೆರೆ ಕಡೆ ಒಂದು ಮನೆಯಿದೆ. ಅಲ್ಲಿ ಐದು ತಿರುವು ಬೇಕು. ಹೊರಗಿಂದ ನೋಡಿದರೆ ನಾಲ್ಕೇ ಗೋಡೆ. ಇಂಥ ವಿಚಿತ್ರ ಮನೆಗಳನ್ನು ಅಳೆಯುವ ಸಕಲೇಶಪುರದ ನಮ್ಮ ಅಕಾಡೆಮಿಗೆ ಹೊಸದಾಗಿ ಸೇರಿದವರಿಗೆ ಮೊದಲು ಕೊಡುವುದು ಇದೇ ಮನೆ. ಇದಕ್ಕಿಂತ ವಿಚಿತ್ರವಾದವು ಬೇಕಾದಷ್ಟಿವೆ. ಆದರೆ ಇಲ್ಲಿ ಕಾಫಿ ಕೊಡುತ್ತಾರೆ, ಯಾರೂ ಕಳೆದುಹೋಗುವುದಿಲ್ಲ.

ನಾನು ಇಲ್ಲಿಗೆ ಬರುವ ಮೊದಲು ಸರ್ವೆ ಕೆಲಸದಲ್ಲಿದ್ದವನು. ಪೋಡಿ ಅಂದರೆ ಜಮೀನು ಪಾಲು ಮಾಡುವುದು, ಹದ್ದುಬಸ್ತು ಅಂದರೆ ಗಡಿ ಗುರುತಿಸುವುದು, ಬಾಂದುಕಲ್ಲು ಅಂದರೆ ಗಡಿಕಲ್ಲು ಹುಡುಕುವುದು, ಅಣ್ಣತಮ್ಮಂದಿರ ಜಗಳದ ನಡುವೆ ಟೇಪ್ ಹಿಡಿದು ನಿಲ್ಲುವುದು. ಆ ಕೆಲಸ ಬಲ್ಲವರಿಗೆ ಇದು ಸುಲಭ. ಒಂದೇ ಒಂದು ಅಭ್ಯಾಸ ಬಿಡಬೇಕಾಗುತ್ತದೆ. ಅದನ್ನು ಮುಂದೆ ಹೇಳುತ್ತೇನೆ.

ಸಾಮಾನು ಜಾಸ್ತಿ ಬೇಡ. 30 ಮೀಟರ್ ಟೇಪ್, ಕೋನ ಅಳೆಯುವ ಯಂತ್ರ, ದಿಕ್ಸೂಚಿ, ತೂಗುಗುಂಡು, ರಸಮಟ್ಟ, ಒಂದು ಉಂಡೆ ನೂಲು, ಸುಣ್ಣದ ಕಡ್ಡಿ. ಮಳೆಗಾಲವಾದರೆ ಇಂಬಳಕ್ಕೆ (ಜಿಗಣೆಗೆ) ನಶ್ಯದ ಪುಡಿ ಇರಲಿ. ಮನೆ ಎಷ್ಟೇ ಅಸಾಧ್ಯವಾಗಿದ್ದರೂ ಅಲ್ಲಿಗೆ ಹೋಗುವ ದಾರಿ ಕಾಫಿ ತೋಟದ್ದೇ ಅಲ್ವಾ?

ಮನೆಯನ್ನು ಅನುಮಾನಿಸುವ ಮೊದಲು ನಿಮ್ಮ ಸಾಮಾನನ್ನು ಅನುಮಾನಿಸಿ. 30 ಮೀಟರಿನ ಉಕ್ಕಿನ ಟೇಪ್ 10 ಡಿಗ್ರಿ ಸೆಲ್ಸಿಯಸ್ ಬಿಸಿ ಏರಿದರೆ ಸುಮಾರು ಮೂರೂವರೆ ಮಿಲಿಮೀಟರ್ ಉದ್ದವಾಗುತ್ತದೆ. ಬೆಳಿಗ್ಗೆಯ ಮಂಜಿನಲ್ಲಿ ಒಂದು ಗೋಡೆ, ಮಧ್ಯಾಹ್ನದ ಬಿಸಿಲಲ್ಲಿ ಇನ್ನೊಂದು ಗೋಡೆ ಅಳೆದು "ಸಾರ್, ಗೋಡೆ ಬೆಳೀತಿದೆ" ಅಂತ ಓಡಿ ಬರಬೇಡಿ. ದಿಕ್ಸೂಚಿಯದು ಇನ್ನೂ ಮೋಸ. ಒಂದು ಕಂಬದಿಂದ ಇನ್ನೊಂದು ಕಂಬಕ್ಕೆ ನೋಡಿ ಬರೆದುಕೊಳ್ಳಿ, ಆಮೇಲೆ ಅಲ್ಲಿಂದ ಇಲ್ಲಿಗೆ ನೋಡಿ. ಎರಡಕ್ಕೂ ಸರಿಯಾಗಿ 180 ಡಿಗ್ರಿ ವ್ಯತ್ಯಾಸ ಇರಬೇಕು. ಇಲ್ಲದಿದ್ದರೆ ಹತ್ತಿರದಲ್ಲೆಲ್ಲೋ ಕಬ್ಬಿಣವಿದೆ. ಕಿಟಕಿ ಸರಳು, ಬಚ್ಚಲ ಕಬ್ಬಿಣದ ಹಂಡೆ, ಯಾವುದೂ ಆಗಬಹುದು. ಕುದುರೆಮುಖದ ಕಡೆಗಂತೂ ದಿಕ್ಸೂಚಿ ಒಯ್ಯಲೇಬೇಡಿ, ಅಲ್ಲಿ ನೆಲದಲ್ಲೇ ಅಯಸ್ಕಾಂತಕ್ಕೆ ಅಂಟುವ ಅದಿರಿದೆ. ನಮ್ಮಲ್ಲಿಗೆ ಬರುವ ದೂರುಗಳಲ್ಲಿ ಮುಕ್ಕಾಲು ಪಾಲು ಇಲ್ಲೇ ಮುಗಿದುಹೋಗುತ್ತವೆ. ವಿಚಿತ್ರ ಮನೆ ಅಂದುಕೊಂಡಿದ್ದವರಿಗೆ ಸ್ವಲ್ಪ ಬೇಜಾರಾಗುತ್ತದೆ, ಏನೂ ಮಾಡಲಾಗದು.

ಇನ್ನು ಲೆಕ್ಕ. ಯಾವುದೇ ಸುತ್ತಿನಲ್ಲಿ ಎಷ್ಟು ಮೂಲೆಯಿದೆಯೋ ಎಣಿಸಿ, ಎರಡು ಕಳೆಯಿರಿ, 180ರಿಂದ ಗುಣಿಸಿ. ಒಳಕೋನಗಳ ಮೊತ್ತ ಅಷ್ಟು ಬರಬೇಕು. ಇದನ್ನು ಕೈಗೆ ಹತ್ತಿಸಲು ಮಂಜರಾಬಾದ್ ಕೋಟೆಯ ನಕ್ಷೆ ಬರೆಸುತ್ತೇವೆ. 1792ರಲ್ಲಿ ಟಿಪ್ಪು ಕಟ್ಟಿಸಿದ, 8 ತುದಿಯ ನಕ್ಷತ್ರದ ಕೋಟೆ. ಎಂಟು ಹೊರಮೂಲೆ, ಎಂಟು ಒಳಮೂಲೆ ಎಂದು ಹಿಡಿದರೆ ಒಟ್ಟು 16, ಮೊತ್ತ 2520 ಡಿಗ್ರಿ. ನೋಡಲು ಎಷ್ಟು ಗೋಜಲೋ ಲೆಕ್ಕಕ್ಕೆ ಅಷ್ಟು ಸಾಧು. ಕೆಲವರು ಅದನ್ನೂ ನಿಗೂಢ ಅಂತಾರೆ. ನಿಗೂಢ ಏನಿಲ್ಲ, ಅದು ಚೆನ್ನಾಗಿ ಕಟ್ಟಿದ ಕೋಟೆ.

ಈಗ ತೊಟ್ಟಿಮನೆಗೆ ಬನ್ನಿ. ಐದು ಮೂಲೆ, ಹಾಗಾಗಿ 540 ಬರಬೇಕು. ಆದರೆ ಪ್ರತಿ ಮೂಲೆಯೂ ಕರಾರುವಾಕ್ಕಾಗಿ 90, ಒಟ್ಟು 450. ತೊಂಬತ್ತು ಡಿಗ್ರಿ ಕಡಿಮೆ. ಹೊಲದ ಸರ್ವೆಯಲ್ಲಿ ಸುತ್ತಿನ ಲೆಕ್ಕ ಕೂಡದಿದ್ದರೆ ಏನು ಮಾಡುತ್ತೇವೆ? ತಪ್ಪು ಚಿಕ್ಕದಾಗಿದ್ದರೆ ಎಲ್ಲ ಗೆರೆಗಳಿಗೂ ಸ್ವಲ್ಪ ಸ್ವಲ್ಪ ಹಂಚಿ ಮುಚ್ಚಿಬಿಡುತ್ತೇವೆ. ಬಿಡಬೇಕಾದ ಅಭ್ಯಾಸ ಇದೇ. ಇಲ್ಲಿ ಹಂಚಬಾರದು. ಹಂಚಿದರೆ ಮನೆಯ ವಿಷಯವೇ ನಕ್ಷೆಯಿಂದ ಹೋಯಿತು.

ಹಂಚುವ ಬದಲು ಹಿಡಿಯಿರಿ. ತೊಟ್ಟಿಯ ಮೇಲೆ ಕಂಬದಿಂದ ಕಂಬಕ್ಕೆ ನೂಲು ಕಟ್ಟಿ ದೊಡ್ಡ ಸುತ್ತನ್ನು ಎರಡು ಸಣ್ಣ ಸುತ್ತು ಮಾಡಿ. ಎರಡನ್ನೂ ಅಳೆಯಿರಿ. ಒಂದು ಸರಿಯಾಗಿ ಕೂಡುತ್ತದೆ. ಇನ್ನೊಂದರಲ್ಲಿ ಪೂರ್ತಿ 90 ಡಿಗ್ರಿ ಕೊರತೆ ಇರುತ್ತದೆ. ಅರ್ಧ ಇಲ್ಲಿ, ಅರ್ಧ ಅಲ್ಲಿ ಅಂತ ಆಗುವುದಿಲ್ಲ. ಕೂಡದಿರುವುದನ್ನು ಮತ್ತೆ ನೂಲಿನಿಂದ ಸೀಳಿ. ಹೀಗೇ ಮಾಡುತ್ತಾ ಹೋದರೆ ಕೊರತೆ ಓಡಲು ಜಾಗವಿಲ್ಲದೆ ಒಂದು ಅಂಗೈಯಗಲದೊಳಗೆ ಸಿಕ್ಕಿಬೀಳುತ್ತದೆ. ಈ ಮನೆಯಲ್ಲಿ ಅದು ತೊಟ್ಟಿಯ ನಡುವೆ, ತುಳಸಿಕಟ್ಟೆಯ ಬುಡದಲ್ಲಿದೆ. ಅಲ್ಲಿ ಸುಣ್ಣದಿಂದ ಗುರುತು ಹಾಕಿ, ನಕ್ಷೆಯಲ್ಲಿ ಬಾಂದಿನ ಗುರುತನ್ನೇ ಹಾಕಿ. ಗುರುತು ಹಾಕುವ ಮೊದಲು ಮನೆಯ ಅಜ್ಜಿಯನ್ನು ಒಂದು ಮಾತು ಕೇಳಿ. "ಅಜ್ಜಿ, ಇಲ್ಲಿ ಸುಣ್ಣ ಬಳಿಯಬಹುದಾ?" ಎಂದರೆ "ಬಳಿಯಪ್ಪ, ಅಲ್ಲಿ ರಂಗೋಲಿ ಹಾಕಿದ್ರೆ ಯಾವತ್ತೂ ಒಂದು ಎಳೆ ಜಾಸ್ತಿನೇ ಬೇಕು" ಎನ್ನುತ್ತಾರೆ. ಅಳತೆಗೆ ಮೊದಲೇ ಕೇಳಿದ್ದರೆ ಅರ್ಧ ದಿನ ಉಳಿಯುತ್ತದೆ. ಆದರೂ ನಾನು ಕೊನೆಗೇ ಕೇಳಿಸುತ್ತೇನೆ, ಇಲ್ಲದಿದ್ದರೆ ಹುಡುಗರು ನೂಲು ಬಿಚ್ಚುವುದೇ ಇಲ್ಲ.

ಬರೆಯುವುದು ಹೇಗೆ? ಚಪ್ಪಟೆ ಹಾಳೆಯಲ್ಲಿ ಆಗದು. ಒಂದೇ ಅಳತೆಯ ಎರಡು ಚೌಕ ಹಾಳೆ ತೆಗೆದುಕೊಳ್ಳಿ. ಎರಡರಲ್ಲೂ ಮೂಲೆಯಿಂದ ಮೂಲೆಗೆ ಗೆರೆ ಎಳೆದರೆ ನಾಲ್ಕು ನಾಲ್ಕು ತ್ರಿಕೋನ. ಮೊದಲ ಹಾಳೆಯನ್ನು ಒಂದು ಮೂಲೆಯಿಂದ ನಡುವಿನವರೆಗೆ ಕತ್ತರಿಸಿ, ಎರಡನೆಯದರಿಂದ ಒಂದು ತ್ರಿಕೋನ ತೆಗೆದು ಆ ಸೀಳಿನಲ್ಲಿ ಸೇರಿಸಿ ಅಂಟಿಸಿ. ಹಾಳೆ ಅಲೆಅಲೆಯಾಗಿ ಎದ್ದು ನಿಲ್ಲುತ್ತದೆ. ಅದೇ ನಕ್ಷೆ. ಮೊತ್ತ ಕಡಿಮೆ ಬಂದರೆ ಹೀಗೆ ಸೇರಿಸಬೇಕು. ಜಾಸ್ತಿ ಬಂದರೆ ಒಂದು ತ್ರಿಕೋನ ತೆಗೆದು ಅಂಚು ಕೂಡಿಸಿ, ಹಾಳೆ ಕಡಲೆಕಾಯಿ ಪೊಟ್ಟಣದಂತಾಗುತ್ತದೆ. ಮೂರೇ ತಿರುವಿನ ಮನೆ ಅಂಥದ್ದು. ಅದರಲ್ಲಿ ಅಂಥ ಆಶ್ಚರ್ಯವೂ ಇಲ್ಲ. ಉತ್ತರ ಧ್ರುವದಿಂದ ನೇರ ಸಮಭಾಜಕಕ್ಕೆ ಇಳಿದು, ಅದರ ಮೇಲೆ ಕಾಲು ಸುತ್ತು ನಡೆದು, ಮತ್ತೆ ಧ್ರುವಕ್ಕೆ ಹತ್ತಿದರೆ ಮೂರು ಮೂಲೆಯೂ 90. ನಾವು ನಿಂತಿರುವ ಭೂಮಿಯೇ ಹಾಗೆ.

ವಿಸ್ತೀರ್ಣದ ಕಾಲಂ ಒಂದು ಬಾಕಿ. ಈ ಮನೆ ಹೊರಗಿನಿಂದ 33 ಅಡಿ ಉದ್ದ, 33 ಅಡಿ ಅಗಲ. ಅಂದರೆ 1089 ಚದರಡಿ, ಸರಿಯಾಗಿ ಒಂದು ಗುಂಟೆ. ಒಳಗೆ ಕೂಡಿಸಿದರೆ ಒಂದು ಗುಂಟೆ ನಾಲ್ಕಾಣೆ, ಅಂದರೆ ಒಂದೂಕಾಲು ಗುಂಟೆ. ಮಿಕ್ಕ ನಾಲ್ಕಾಣೆಯನ್ನು ಖರಾಬಿಗೆ ಹಾಕಿ. ಬಂಡೆ, ಹಳ್ಳ, ದಾರಿಗಳನ್ನು ನಮ್ಮ ಹಿರಿಯರು ಹಾಗೇ ಪಕ್ಕಕ್ಕೆ ಇಟ್ಟರು. ಇದನ್ನು ಮಾತ್ರ ಎ ಖರಾಬು (ಬರೀ ಸಾಗುವಳಿಗೆ ಬಾರದ್ದು) ಅನ್ನಬೇಕಾ ಬಿ ಖರಾಬು (ಸಾರ್ವಜನಿಕರಿಗೆ ಮೀಸಲಾದದ್ದು) ಅನ್ನಬೇಕಾ ಎಂದು ಅಕಾಡೆಮಿಯಲ್ಲಿ ಇನ್ನೂ ಜಗಳವಿದೆ. ನನ್ನ ಮತ ಎ. ಅಲ್ಲಿ ಮನೆಯವರು ಮೆಣಸು ಒಣಗಿಸುತ್ತಾರೆ, ಅದು ಸಾರ್ವಜನಿಕರದ್ದು ಹೇಗಾದೀತು?

ತಾರೀಕು ಹಾಕದ ನಕ್ಷೆಯನ್ನು ನಾನು ತೆಗೆದುಕೊಳ್ಳುವುದಿಲ್ಲ. ಶೆಟ್ಟಿಹಳ್ಳಿಯ ಚರ್ಚ್ ನೋಡಿಲ್ವಾ? ಬೇಸಿಗೆಯಲ್ಲಿ ನೆಲದ ಮೇಲೆ, ಹೇಮಾವತಿ ಹಿನ್ನೀರು ಏರಿದಾಗ ನೀರಿನಲ್ಲಿ. ಎರಡು ನಕ್ಷೆಯೂ ಸರಿ, ತಿಂಗಳು ಬರೆದಿದ್ದರೆ.

ಒಂದು ಪ್ರತಿ ಮನೆಯವರಿಗೆ ಕೊಟ್ಟು ಬನ್ನಿ. ಲ್ಯಾಮಿನೇಷನ್ ಮಾಡಿಸಬೇಡಿ ಎಂದು ತಿಳಿಸಿ. ಅಂಗಡಿಯವನು ಯಂತ್ರಕ್ಕೆ ಹಾಕಲು ಅದನ್ನು ಒತ್ತಿ ಚಪ್ಪಟೆ ಮಾಡುತ್ತಾನೆ, ಐದನೇ ಮೂಲೆ ಮಡಿಕೆ ಬಿದ್ದು ಹರಿದುಹೋಗುತ್ತದೆ.