ಎಮ್ಮೆಯ ಬ್ಯಾನಿ ಓದುವುದು ಹೇಗೆ

ದನಕ್ಕೆ ಈಯುವಾಗ ನೋವಾಗುತ್ತದೆಯೇ ಎಂದು ಕೇಳುವವರಿಗೆ ನಮ್ಮ ಧಾರವಾಡದ ಕಡೆಯ ಮಾತಿನಲ್ಲೇ ಉತ್ತರವಿದೆ: "ಎಮ್ಮಿ ಬ್ಯಾನಿ ತಿನ್ನಾಕ ಹತ್ತೈತಿ," ಅಂದರೆ ಎಮ್ಮೆ ಹೆರಿಗೆ ನೋವು ತಿನ್ನುತ್ತಿದೆ. ಗರ್ಭಚೀಲ ಹಿಂಡುವುದು, ದಾರಿ ಹಿಗ್ಗುವುದು, ಅದನ್ನು ಮಿದುಳಿಗೆ ಮುಟ್ಟಿಸುವ ನರಗಳು, ಎಲ್ಲವೂ ಮನುಷ್ಯರಲ್ಲಿ ಇದ್ದಂತೆಯೇ. ಚೀರುವುದಿಲ್ಲ, ಅಷ್ಟೇ. ಹುಲಿ, ತೋಳಗಳಿಗೆ ತುತ್ತಾಗುವ ಜಾತಿ. ನೆಲಕ್ಕೆ ಬಿದ್ದ ಹೊತ್ತಿನಲ್ಲಿ ಸದ್ದು ಮಾಡಿದರೆ ಕಥೆ ಮುಗಿಯಿತು. ಅದಕ್ಕೇ ನಾನು ಕೊಟ್ಟಿಗೆಯಲ್ಲಿ ಕಿವಿಗಿಂತ ಕಣ್ಣನ್ನೇ ನಂಬುವುದು.

ಗಬ್ಬ ಕಟ್ಟಿಸಿದ ತಾರೀಖು ಗೋಡೆಯ ಮೇಲಾದರೂ ಬರೆದಿರಬೇಕು. ಆಕಳಿಗೆ ಸುಮಾರು 280 ದಿನ, ಎಮ್ಮೆಗೆ 310, ಆಡು-ಕುರಿಗೆ 150, ಹೆಣ್ಣು ಕುದುರೆಗೆ 11 ತಿಂಗಳು. ದಿನ ಹತ್ತಿರ ಬಂದಾಗ ಬಾಲದ ಬುಡದ ಎರಡೂ ಬದಿ ಬೆರಳಿಟ್ಟು ಒತ್ತಿ ನೋಡುತ್ತೇನೆ. ಬಿಗಿದ ಹಗ್ಗದಂತಿದ್ದ ಜಾಗ ನಾದಿದ ಹಿಟ್ಟಿನಂತಾಗಿ ಹಳ್ಳ ಬಿದ್ದಿದ್ದರೆ ಒಂದೆರಡು ದಿನದ ಮಾತು.

ಬ್ಯಾನಿ ಶುರುವಾದ ಎಮ್ಮೆ ಮುಂದೆ ಹಸಿ ಮೇವಿದ್ದರೂ ಬಾಯಿ ಹಾಕುವುದಿಲ್ಲ. ತಿರುಗಿ ಪಕ್ಕೆ ನೋಡುತ್ತದೆ, ಹಿಂಗಾಲಿನಿಂದ ಹೊಟ್ಟೆಗೆ ಒದೆಯುತ್ತದೆ, ಬಾಲ ಎತ್ತಿಕೊಂಡು ಚೂರು ಚೂರೇ ಉಚ್ಚೆ ಹೊಯ್ಯುತ್ತದೆ, ಏಳುತ್ತದೆ, ಮಲಗುತ್ತದೆ. ಕೆಲವು ಹಲ್ಲು ಕಡಿಯುತ್ತವೆ. ಚೊಚ್ಚಲಾದರೆ ಇದು ಅರ್ಧ ದಿನ ನಡೆದರೂ ಗಾಬರಿಯಿಲ್ಲ. ನೀರಿನ ಚೀಲ ಒಡೆದ ಮೇಲೆ ಮಾತ್ರ ಗಡಿಯಾರ ನೋಡಬೇಕು. ಎರಡು ತಾಸಾದರೂ ಏನೂ ಮುಂದುವರಿಯದಿದ್ದರೆ ಅದು ಈಯುವ ನೋವಲ್ಲ, ಸಿಕ್ಕಿಬಿದ್ದ ನೋವು.

ಎಮ್ಮೆಯಲ್ಲಿ ನನಗೆ ಹೆಚ್ಚು ಅಂಜಿಕೆ ಇರುವುದು ಗರ್ಭಚೀಲ ತಿರುಚಿಕೊಳ್ಳುವುದರದು. ಎಮ್ಮೆ ಹೆರಿಗೆ ತಡೆಯುವುದಕ್ಕೆ ದೊಡ್ಡ ಕಾರಣವೇ ಇದು. ರಾತ್ರಿಯೆಲ್ಲ ಹೊಟ್ಟೆ ಒದೆದುಕೊಂಡು ಬೆಳಗಾಗುವಷ್ಟರಲ್ಲಿ ಎಮ್ಮೆ ತಣ್ಣಗಾಗುತ್ತದೆ, ಮೆಲುಕೂ ಹಾಕಬಹುದು. ನೀರಿನ ಚೀಲ ಮಾತ್ರ ಬಂದೇ ಇಲ್ಲ. "ಕಳ್ಳ ಬ್ಯಾನಿ ಇತ್ತು, ನಿಂತಿತು" ಅಂತ ಮನೆಯವರು ಹೊಲಕ್ಕೆ ಹೋಗಿಬಿಡುತ್ತಾರೆ. ಕೈ ಹಾಕಿ ನೋಡಿದರೆ ಒಳದಾರಿ ಹಿಂಡಿದ ಧೋತರದಂತೆ ಮಡಿಕೆ ಮಡಿಕೆಯಾಗಿ ಸಿಗುತ್ತದೆ. ಡಾಕ್ಟರು ಎಮ್ಮೆಯನ್ನು ತಿರುಚಿದ ಬದಿಗೆ ಮಲಗಿಸಿ, ಹೊಟ್ಟೆಯ ಮೇಲೆ ಉದ್ದನೆಯ ಹಲಗೆ ಅಡ್ಡ ಇಟ್ಟು ಒತ್ತಿ ಹಿಡಿಸಿ, ಅದೇ ದಿಕ್ಕಿಗೆ ನಿಧಾನ ಉರುಳಿಸುತ್ತಾರೆ. ಹಲಗೆ ಚೀಲವನ್ನು ತಡೆದು ಹಿಡಿಯುತ್ತದೆ, ಮೈ ತಿರುಗುತ್ತದೆ, ತಿರುಚು ಬಿಚ್ಚುತ್ತದೆ. ಒಂದು ದಿನದೊಳಗೆ ಆದರೆ ಆಸೆ ಇದೆ. ತಡವಾದಷ್ಟೂ ಕರು ಕೈಬಿಡುತ್ತದೆ, ಚೀಲ ಅಕ್ಕಪಕ್ಕ ಅಂಟಿಕೊಳ್ಳುತ್ತದೆ. ಅದಕ್ಕೇ ಸರ್ಕಾರದ ಪಶು ಸಹಾಯವಾಣಿ 1962 ಕ್ಕೆ ಫೋನ್ ರಾತ್ರಿಯ ಒದೆತ ಕಂಡ ಬೆಳಿಗ್ಗೆಯೇ ಹೋಗಬೇಕು, ಸಂಜೆಗಲ್ಲ.

ಇನ್ನು ಎಳೆಯುವ ವಿಷಯ. ಎಮ್ಮೆಗೆ ನಾವೇ ಕೊಡುವ ನೋವು ಇಲ್ಲಿದೆ. ಮೊದಲು ಬಂದ ಕಾಲು ಮುಂದಿನದೋ ಹಿಂದಿನದೋ ತಿಳಿಯಬೇಕು: ಗೊರಸಿನ ಮೇಲಿನ ಎರಡು ಕೀಲು ಒಂದೇ ಕಡೆಗೆ ಮಡಿಚಿದರೆ ಮುಂಗಾಲು, ಒಂದಕ್ಕೊಂದು ವಿರುದ್ಧ ಮಡಿಚಿದರೆ ಹಿಂಗಾಲು. ಎರಡು ಮುಂಗಾಲು, ಅವುಗಳ ಮೇಲೆ ಮೂತಿ, ಹೀಗಿದ್ದರೆ ಸರಿ. ತಲೆ ಹಿಂದಕ್ಕೆ ಹೊರಳಿದೆ ಎಂದಾದರೆ ಎಳೆಯುವ ಮಾತೇ ಬೇಡ. ಎಲ್ಲ ಸರಿಯಿದ್ದರೆ ನಮ್ಮ ಉಗುರು ಕತ್ತರಿಸಿ, ಕೈ ಸಾಬೂನಿನಿಂದ ತೊಳೆದು, ದಾರಿ ಚೆನ್ನಾಗಿ ಜಾರುವಂತೆ ಮಾಡಿ, ಹಗ್ಗವನ್ನು ಗೊರಸಿನ ಮೇಲಿನ ಮೊದಲ ಕೀಲಿಗಿಂತ ಮೇಲೆ ಹಾಕಬೇಕು. ಎಮ್ಮೆ ತಿಣುಕಿದಾಗಲೇ ಎಳೆತ, ಅದು ನಿಂತರೆ ನಾವೂ ನಿಲ್ಲಬೇಕು. ಒಂದು ಕಾಲು, ಆಮೇಲೆ ಇನ್ನೊಂದು, ತಲೆ ಹೊರಬಿದ್ದ ಮೇಲೆ ಕೆಳಮುಖವಾಗಿ. ಇಬ್ಬರ ಬಲ ಸಾಕು. ಓಣಿಯ ಮಂದಿಯೆಲ್ಲ ಸೇರಿ ಎಳೆದರೆ ಒಳಗಿನ ನರ ಜಜ್ಜಿ, ಎಮ್ಮೆ ಹಿಂಗಾಲು ಅಗಲಿಸಿ ಕೂತುಬಿಡುತ್ತದೆ. ದಾರಿ ತೆರೆಯುವ ಮೊದಲೇ ಹಾಲಿಳಿಸುವ ಸೂಜಿ ಚುಚ್ಚುವವರಿಗೆ ಏನು ಹೇಳಲಿ, ಗರ್ಭಚೀಲವೇ ಹರಿಯಬಹುದು.

ನೋವು ಕಡಿಮೆ ಮಾಡಲು ದಾರಿಯಿದೆ. ಕರುವನ್ನು ಒಳಗೆ ತಿರುಗಿಸುವುದಿದ್ದರೆ ಡಾಕ್ಟರು ಬಾಲದ ಬುಡದ ಮಣಿಗಳ ನಡುವೆ ಮರಗಟ್ಟಿಸುವ ಮದ್ದು 2% ಲಿಗ್ನೋಕೇನ್ ಸುಮಾರು 5 ಮಿ.ಲೀ. ಕೊಡುತ್ತಾರೆ. ಬಾಲ ಸೋತು ಜೋತುಬಿದ್ದರೆ ಹತ್ತಿದೆ ಎಂದರ್ಥ, ತಿಣುಕುವುದೂ ನಿಲ್ಲುತ್ತದೆ. ಕಷ್ಟದ ಹೆರಿಗೆಯ ನಂತರ ನೋವಿಳಿಸುವ ಮೆಲಾಕ್ಸಿಕಾಂ ಬರೆಸಿಕೊಳ್ಳಿ. ಮನುಷ್ಯರ ನೋವಿನ ಮದ್ದು ಡೈಕ್ಲೋಫೆನಾಕ್ ತಂದು ಹಾಕಬೇಡಿ; ಸತ್ತ ದನ ತಿಂದ ರಣಹದ್ದುಗಳು ಅದರಿಂದಲೇ ಅಳಿದವೆಂದು 2006 ರಲ್ಲಿ ದನಕ್ಕೆ ನಿಷೇಧವಾಗಿದೆ.

ಕುದುರೆಯ ಲೆಕ್ಕವೇ ಬೇರೆ. ಹುಬ್ಬಳ್ಳಿಯಲ್ಲಿ ಮೆರವಣಿಗೆಗೆ ಕುದುರೆ ಸಾಕಿದವರು ಮೊದಲು ತಪ್ಪುವುದು ಹೊಟ್ಟೆಶೂಲೆಗೂ ಬ್ಯಾನಿಗೂ ಇರುವ ಅಂತರದಲ್ಲಿ. ಎರಡರಲ್ಲೂ ಮೈ ಬೆವರುತ್ತದೆ, ಹೊರಳಾಡುತ್ತದೆ. ದಿನ ತುಂಬಿ, ಮೊಲೆತುದಿಯಲ್ಲಿ ಮೇಣದಂಥ ಹನಿ ಕಟ್ಟಿದ್ದರೆ ಬ್ಯಾನಿ ಅಂತಲೇ ಮೊದಲು ನೋಡಿ. ಹೆಚ್ಚಾಗಿ ರಾತ್ರಿಯಲ್ಲೇ ಈಯುತ್ತದೆ. ನೀರು ಒಡೆದ ಮೇಲೆ 15-30 ನಿಮಿಷದಲ್ಲಿ ಮರಿ ಹೊರಗಿರಬೇಕು, ಎಮ್ಮೆಯ ತಾಳ್ಮೆ ಇಲ್ಲಿ ನಡೆಯದು. ಬಿಳಿ ಪೊರೆಯ ಬದಲು ಕೆಂಪು ಮಖಮಲ್ಲಿನಂಥದು ಕಂಡರೆ ಮಾಸು, ಅಂದರೆ ಮರಿಗೆ ತಾಯಿಯಿಂದ ಉಸಿರು ತರುವ ಪೊರೆ, ಮೊದಲೇ ಕಳಚಿದೆ, ಮರಿಗೆ ಉಸಿರು ಸಿಗುತ್ತಿಲ್ಲ. ಅಲ್ಲೇ ಹರಿದು ಮರಿಯನ್ನು ಹೊರತೆಗೆಯಬೇಕು. ಕುದುರೆಯ ಮಾಸು 3 ತಾಸಿನೊಳಗೆ ಬೀಳಬೇಕು. ಎಮ್ಮೆಗೆ 12 ತಾಸು ಕಾಯಬಹುದು. ಜೋತಾಡುವ ಮಾಸಿಗೆ ಕಲ್ಲು, ಚಪ್ಪಲಿ ಕಟ್ಟುವವರು ಈಗಲೂ ಇದ್ದಾರೆ. ಭಾರಕ್ಕೆ ಅರ್ಧ ಹರಿದು ಉಳಿದದ್ದು ಒಳಗೇ ಕೊಳೆಯುತ್ತದೆ.