ನಾಯಕ ಜಾತಿ ಪ್ರಮಾಣಪತ್ರ: ಅರ್ಜಿಗೆ ಮೊದಲು ದಾಖಲೆ ನೋಡಿ

ರಾಯಚೂರು, ಕೊಪ್ಪಳ ಕಡೆ ನಾಯಕ, ಬೇಡ, ವಾಲ್ಮೀಕಿ ಸಮುದಾಯದವರ ಅರ್ಜಿ ಸಿಕ್ಕಿಬೀಳುವುದು ಹೆಚ್ಚಾಗಿ ಶಾಲಾ ದಾಖಲೆಯಲ್ಲಿ. ದಾಖಲಾತಿ ವಹಿಯಲ್ಲಿ ಬರೀ ‘ಹಿಂದೂ’ ಎಂದಿದ್ದರೆ ಜಾತಿ ಸಾಬೀತಾಗದು. ತಂದೆಯ ಅಥವಾ ತಂದೆ ಕಡೆಯ ಅಜ್ಜ, ಚಿಕ್ಕಪ್ಪಂದಿರ ವಹಿಯ ದೃಢೀಕೃತ ನಕಲು ತೆಗೆಸಿ, ವಂಶವೃಕ್ಷದೊಂದಿಗೆ ಕೊಡಿ. ಹೆಸರು, ಇನಿಷಿಯಲ್ ಆಧಾರ್‌ಗೆ ಹೊಂದಲಿ.

ಅರ್ಜಿ ನಾಡಕಚೇರಿಯಲ್ಲಿ. ಗ್ರಾಮ ಆಡಳಿತಾಧಿಕಾರಿ ವಿಚಾರಣೆಗೆ ಬಂದಾಗ ಮನೆತನ ಬಲ್ಲ ಹಿರಿಯರು ಹಾಜರಿರಲಿ, ಅವರ ಹೇಳಿಕೆಗೆ ಬೆಲೆಯಿದೆ. ಮದುವೆಯಾದ ಹೆಣ್ಣುಮಕ್ಕಳು ತವರಿನ ದಾಖಲೆಯನ್ನೇ ಕೊಡಬೇಕು. ಗಂಡನ ಜಾತಿ ಲೆಕ್ಕಕ್ಕಿಲ್ಲ.

ಪರಿವಾರ, ತಳವಾರ ಹೆಸರುಗಳು 2020ರ ತಿದ್ದುಪಡಿಯಿಂದ ನಾಯಕದ ಜೊತೆ ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿವೆ.

ತಹಶೀಲ್ದಾರರು ತಿರಸ್ಕರಿಸಿದರೆ ಲಿಖಿತ ಆದೇಶ ಕೇಳಿ ಪಡೆಯಿರಿ. 30 ದಿನದೊಳಗೆ ಉಪವಿಭಾಗಾಧಿಕಾರಿಗೆ ಮೇಲ್ಮನವಿ ಹಾಕಬೇಕು.