ತ್ರೀ ಫೇಸ್ ಕರೆಂಟ್ ನೋಡಿಕೊಂಡು ಸಿನಿಮಾ ತೆಗೆದೆ

ಮಂಡ್ಯ ಅಂದ ತಕ್ಷಣ ಜನಕ್ಕೆ ಕೆಆರ್‌ಎಸ್ ನಾಲೆ, ಕಬ್ಬಿನ ಗದ್ದೆ, 1933ರಲ್ಲಿ ಶುರುವಾದ ಸಕ್ಕರೆ ಕಾರ್ಖಾನೆ ನೆನಪಾಗುತ್ತವೆ. ನಾನು ಸಿನಿಮಾ ಮಾಡಿದ್ದು ನಾಗಮಂಗಲದ ಕಡೆ, ನಾಲೆ ನೀರು ಕಾಣದ ಒಂದು ಹಳ್ಳಿಯಲ್ಲಿ. ರಾಗಿ, ಹುರುಳಿ, ಒಂದಷ್ಟು ತೆಂಗು. ನಮ್ಮಮ್ಮನ ತವರು ಅದು. ಬಸ್ಸು ದಿನಕ್ಕೆ ಎರಡೇ ಸಲ.

ನಿರ್ಮಾಪಕರೊಬ್ಬರು ಕಥೆ ಮೆಚ್ಚಿಕೊಂಡರು. ಆದರೆ ಬೆಂಗಳೂರಿನ ಕಲಾವಿದರು ಬೇಕು, ಮಾತು ಆಮೇಲೆ ಡಬ್ಬಿಂಗ್ ಮಾಡೋಣ ಅಂದರು. ನಾನು ಒಪ್ಪಲಿಲ್ಲ. 'ತಿಥಿ' ಸಿನಿಮಾವನ್ನು ಇದೇ ಜಿಲ್ಲೆಯ ನೊದೆಕೊಪ್ಪಲಿನಲ್ಲಿ ಊರಿನವರನ್ನೇ ಹಾಕಿಕೊಂಡು ತೆಗೆದಿದ್ದರು. 2015ರಲ್ಲಿ ಅದಕ್ಕೆ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿಯೂ ಬಂತು. ಅದೇ ನನಗೆ ಧೈರ್ಯ. ಕೂಡಿಟ್ಟ ದುಡ್ಡು, ಬಾಡಿಗೆ ಕ್ಯಾಮೆರಾ, ಐದು ಜನ. ಲೈಟಿಗಿಂತ ಸೌಂಡಿಗೇ ಜಾಸ್ತಿ ಖರ್ಚು ಮಾಡಿದೆ. ಆ ಊರಿನ ಮಾತು ಬಾಯಿಂದ ಬಂದ ಹಾಗೇ ಕಿವಿಗೆ ಬೀಳಬೇಕು ಅನ್ನೋದು ನನ್ನ ಹಟ.

ಮೈಸೂರಿನ ರೂಮಿನಲ್ಲಿ ಕೂತು ಬರೆದ ಸಂಭಾಷಣೆಯನ್ನು ಮುಖ್ಯ ಪಾತ್ರದ ಅಜ್ಜಿಗೆ ಓದಿ ಹೇಳಿದೆ. "ಹಿಂಗ್ ಯಾರ್ ಮಾತಾಡ್ತಾರೆ ಮಗ?" ಅಂದರು. ಅವತ್ತೇ ಹಾಳೆ ಮಡಚಿಟ್ಟೆ. ಆಮೇಲೆ ಸನ್ನಿವೇಶ ಮಾತ್ರ ಹೇಳುತ್ತಿದ್ದೆ. "ಅಜ್ಜಿ, ಮಗ ಹೊಲ ಮಾರ್ತೀನಿ ಅಂತಾನೆ. ನೀನೇನಂತೀಯ?" ಮಾತೆಲ್ಲ ಅವರದು. ಸೆರಗಿನೊಳಗೆ ಮೈಕ್ ಸಿಕ್ಕಿಸಿದರೆ ಬಟ್ಟೆ ಉಜ್ಜಿ ಬರಬರ ಅನ್ನುತ್ತಿತ್ತು. ಸುತ್ತ ಹತ್ತಿ ಇಟ್ಟು ಟೇಪ್ ಹಚ್ಚಿದ ಮೇಲೆ ಸರಿಹೋಯಿತು. ಒಬ್ಬೊಬ್ಬರಿಗೂ ಒಂದು ಪುಟ್ಟ ರೆಕಾರ್ಡರ್ ಕೊಟ್ಟಿದ್ದೆ, ಸೊಂಟಕ್ಕೋ ಜೇಬಿಗೋ.

ಬೋರ್‌ವೆಲ್ ಮೋಟಾರಿಗೆ ಬೇಕಾದ ತ್ರೀ ಫೇಸ್ ಕರೆಂಟ್ ದಿನಕ್ಕೆ ಕೆಲವೇ ಗಂಟೆ. ಬಂತು ಅಂದರೆ ಸಾಕು, ಊರಿಗೆ ಊರೇ ನೀರು ಕಟ್ಟಲು ಓಡುತ್ತದೆ. ಅವರನ್ನು ನಿಲ್ಲಿ ಅನ್ನೋಕೆ ನಾನ್ಯಾರು? ಎರಡನೇ ವಾರದಿಂದ ಕರೆಂಟ್ ಇದ್ದಾಗ ತೋಟದ ದೃಶ್ಯ, ಇಲ್ಲದಾಗ ಜಗಲಿಯದು ಅಂತ ಮಾಡಿಕೊಂಡೆವು. ಹುರುಳಿ ಒಕ್ಕಣೆಗೋಸ್ಕರ ಸಂಕ್ರಾಂತಿ ಹತ್ತಿರ ಬರುವವರೆಗೂ ಕಾದೆ. ಟಾರು ರಸ್ತೆ ಮೇಲೆ ಹುರುಳಿ ಗಿಡ ಹರಡಿರುತ್ತಾರೆ. ಗಾಡಿಗಳು ಹರಿದಾಗ ಒಣಗಿದ ಕಾಯಿ ಚಟಚಟ ಒಡೆಯುತ್ತವೆ. ಆ ಸದ್ದು ಸ್ಟುಡಿಯೋದಲ್ಲಿ ಸಿಗಲ್ಲ.

ಒಂದು ಸಂಜೆ ಅಜ್ಜಿ ಜಗಲಿಯಲ್ಲಿ ರಾಗಿ ಕೇರುತ್ತಾ ಮಗನ ಪಾತ್ರದವರನ್ನು ಬೈಯುತ್ತಿದ್ದರು. ಯಾರೋ "ಕರೆಂಟ್ ಬಂತು" ಅಂತ ಕೂಗಿದರು. ಮಗನ ಪಾತ್ರದವರು ಮೈಕ್ ಸಮೇತ ಎದ್ದು ಹೊರಟೇಬಿಟ್ಟರು. ನಾನು ಕಟ್ ಹೇಳಲಿಲ್ಲ. ಅಜ್ಜಿ ಮಾತು ನಿಲ್ಲಿಸಿ ಖಾಲಿ ಜಾಗ ನೋಡಿದರು. ಮೊರದ ಅಂಚಿಗೆ ಬಂದಿದ್ದ ಕಲ್ಲನ್ನು ಬೆರಳಲ್ಲಿ ತಳ್ಳಿ ಮತ್ತೆ ಕೇರತೊಡಗಿದರು. ರಾತ್ರಿ ಮಗನ ರೆಕಾರ್ಡರ್ ಕೇಳಿದೆ. ಹೊಲದ ಬದುವಿನ ಮೇಲೆ ಹೆಜ್ಜೆ, ಸ್ಟಾರ್ಟರ್ ಒತ್ತಿದ ಟಕ್, ಸ್ವಲ್ಪ ಹೊತ್ತು ಏನೂ ಇಲ್ಲ, ಆಮೇಲೆ ತೊಟ್ಟಿಗೆ ನೀರು ಬೀಳುವ ಸದ್ದು. ಸಿನಿಮಾದ ಕೊನೆಯ ಶಾಟ್ ಅದೇ. ಪರದೆ ಮೇಲೆ ಅಜ್ಜಿ ರಾಗಿ ಕೇರುತ್ತಿದ್ದಾರೆ, ಕೇಳಿಸುವುದು ಆ ನೀರು.